ಮೋಲಿಯೇರ್‌ನನ್ನು ಇನ್ನೆಷ್ಟು ಸಲ ರಂಗದ ಮೇಲೆ ಸಾಯಿಸುತ್ತೀರಿ?

ಈಗಷ್ಟೇ ಹದಿನೇಳನೇ ಶತಮಾನದ ಫ್ರೆಂಚ್ ನಾಟಕಕಾರ, ನಟ ಮೋಲಿಯೇರ್ ಬಗ್ಗೆ ಒಂದು ಆನ್‌ಲೈನ್ ಉಪನ್ಯಾಸ ಕೇಳಿ ಎದ್ದೆ. ತಲೆ ಕೆಟ್ಟಿದೆ, ಬರೆದು ಹಾಕದಿದ್ದರೆ ನಿದ್ದೆ ಬರೋದಿಲ್ಲ. ಭಾಷಣಕಾರರು ಗದ್ಗದರಾಗಿ, "ಮೋಲಿಯೇರ್ ರೋಗಿಯ ಪಾತ್ರ ಮಾಡುತ್ತ ಮಾಡುತ್ತಲೇ ರಂಗದ ಮೇಲೆ ಪ್ರಾಣ ಬಿಟ್ಟ" ಅಂದರು. ಚಾಟ್ ತುಂಬ ಕೈಮುಗಿಯುವ ಇಮೋಜಿ.

ಬಿಡಲಿಲ್ಲ ಸ್ವಾಮಿ! 1673ರ ಫೆಬ್ರವರಿ 17, ಅವನದೇ 'ಕಾಲ್ಪನಿಕ ರೋಗಿ' ನಾಟಕದ ನಾಲ್ಕನೇ ಪ್ರದರ್ಶನ. ಮೈಗೆ ಸರಿಯಿರಲಿಲ್ಲ, ಆದರೂ ಆಟ ಮುಗಿಸಿದ. ರಿಶೆಲ್ಯೂ ಬೀದಿಯ ಮನೆಗೆ ಬಂದು ರಾತ್ರಿ ಹತ್ತರ ಹೊತ್ತಿಗೆ ಸತ್ತ. ಬರೆದಿಟ್ಟವನು ಅವನದೇ ತಂಡದ ನಟ ಲಾ ಗ್ರಾಂಜ್, ಅದೂ ದಿನದ ಕಲೆಕ್ಷನ್ ಬರೆಯುವ ಪುಸ್ತಕದಲ್ಲಿ. ನೆಗಡಿ, ಎದೆಯಲ್ಲಿ ಕಫ, ವಿಪರೀತ ಕೆಮ್ಮು, ಕೆಮ್ಮಿನ ರಭಸಕ್ಕೆ ಒಳಗೆ ರಕ್ತನಾಳ ಒಡೆಯಿತು ಅಂತ ಬರೆದಿದ್ದಾನೆ. ಇದಕ್ಕಿಂತ ಇನ್ನೇನು ಬೇಕು? ಆದರೆ ನಮಗೆ ಸಾಲದು. ಅವನನ್ನು ಎತ್ತಿಕೊಂಡು ಬಂದು ಮತ್ತೆ ರಂಗದ ಮೇಲೇ ಮಲಗಿಸಬೇಕು.

ತಪ್ಪು ಭಾಷಣಕಾರರೊಬ್ಬರದೇ ಅಲ್ಲ. ಮೋಲಿಯೇರ್ ಬಗ್ಗೆ ಬಂದ ಪುಸ್ತಕಗಳ ಚಾಳಿಯೇ ಇದು. ಅವನ ಕೈಬರಹದಲ್ಲಿ ಒಂದೇ ಒಂದು ನಾಟಕದ ಹಾಳೆ ಸಿಕ್ಕಿಲ್ಲ. ಆಪ್ತರಿಗೆ ಬರೆದ ಕಾಗದವಿಲ್ಲ, ದಿನಚರಿ ಇಲ್ಲ. ಖಾಲಿ ಜಾಗ ಕಂಡರೆ ಚರಿತ್ರೆಕಾರರಿಗೆ ಕೈ ತುರಿಸುತ್ತದೆ. ಮೊದಲ ಜೀವನಚರಿತ್ರೆ ಗ್ರಿಮಾರೆಯದು, ಬಂದದ್ದು 1705ರಲ್ಲಿ, ಅಂದರೆ ಸತ್ತು 32 ವರ್ಷಕ್ಕೆ. ಮುಖ್ಯ ಆಧಾರ ಬಾರೋಂ ಎಂಬ ನಟನ ನೆನಪು. ಮೋಲಿಯೇರ್ ತೀರಿಕೊಂಡಾಗ ಆ ಬಾರೋಂ ಇನ್ನೂ ಹತ್ತೊಂಬತ್ತರ ಹುಡುಗ! ಮೋಲಿಯೇರ್‌ನನ್ನು ಚೆನ್ನಾಗಿ ಬಲ್ಲ ಕವಿ ಬ್ವಾಲೋ ಆ ಪುಸ್ತಕವನ್ನು ಕಾಸಿಗೂ ಬೆಲೆಯಿಲ್ಲದ್ದು ಅಂತ ತಳ್ಳಿಹಾಕಿದ. ಆದರೂ ಮುನ್ನೂರು ವರ್ಷದಿಂದ ಎಲ್ಲರೂ ಅಲ್ಲಿಂದಲೇ ಎತ್ತುತ್ತಿದ್ದಾರೆ.

ಇನ್ನು ಹೆಂಡತಿ ಆರ್ಮಾಂದ್ ಪಾಡು ಕೇಳಬೇಡಿ. 1688ರಲ್ಲಿ ಹೆಸರಿಲ್ಲದ ಯಾರೋ ಅವಳನ್ನು ಹೀನಾಯವಾಗಿ ಬೈದು ಒಂದು ಪುಸ್ತಿಕೆ ಅಚ್ಚು ಹಾಕಿಸಿದರು. ಗೆಳೆಯನ ಮುಂದೆ ತೋಟದಲ್ಲಿ ಕೂತು ಮೋಲಿಯೇರ್ ಹೆಂಡತಿಯ ನಡತೆ ನೆನೆದು ಅತ್ತ ಕಥೆ ಇರುವುದು ಅದರಲ್ಲೇ. ಹೆಸರು ಹಾಕಲು ಧೈರ್ಯವಿಲ್ಲದವನ ಮಾತು ದೊಡ್ಡ ದೊಡ್ಡ ವಿದ್ವಾಂಸರಿಗೆ ವೇದವಾಕ್ಯ! ಅಲ್ಲಿಗೇ ನಿಲ್ಲಲಿಲ್ಲ. 1666ರ 'ಮಿಸಾಂತ್ರೋಪ್' ನಾಟಕದ ಸಿಡುಕನೇ ಮೋಲಿಯೇರ್, ಅವನನ್ನು ಕಾಡುವ ಚೆಲುವೆಯೇ ಆರ್ಮಾಂದ್ ಅಂತೆ. ನಾಟಕದಿಂದ ಬದುಕು ಹೆಕ್ಕುವುದು, ಆ ಬದುಕಿನಿಂದ ನಾಟಕ ವಿವರಿಸುವುದು. ಹೆಂಗಸನ್ನು ಬೈಯಲು ಆಧಾರ ಬೇಕಿಲ್ಲ ನೋಡಿ, ಆಗಲೂ ಈಗಲೂ.

ನಿಮಗೆ ಗೊತ್ತಲ್ಲ, ನಮ್ಮ ಹವ್ಯಾಸಿ ತಂಡದಲ್ಲಿ ನಾನು ಬಣ್ಣ ಹಚ್ಚಿದ್ದಕ್ಕಿಂತ ಗೇಟಿನ ದುಡ್ಡು ಎಣಿಸಿದ್ದೇ ಹೆಚ್ಚು. ಹಾಗಾಗಿ ನನ್ನ ಹೀರೋ ಲಾ ಗ್ರಾಂಜ್. ಯಾವ ದಿನ ಯಾವ ಆಟ, ಎಷ್ಟು ದುಡ್ಡು, ತಲಾ ಎಷ್ಟು ಪಾಲು ಎಲ್ಲ ಬರೆದಿಟ್ಟ. ಸಾವು ಬಂದರೆ ಪುಟದಲ್ಲಿ ಒಂದು ಕಪ್ಪು ಗುರುತು. 1664ರಲ್ಲಿ ನಿಷೇಧವಾದ ಮೋಲಿಯೇರ್‌ನ 'ತಾರ್ತ್ಯುಫ್' ನಾಟಕ ಐದು ವರ್ಷದ ಹೋರಾಟದ ನಂತರ 1669ರ ಫೆಬ್ರವರಿ 5ಕ್ಕೆ ಬಿಡುಗಡೆಯಾದಾಗ ಆ ದಿನದ ವಸೂಲಿ ಆಗಿನ ಫ್ರಾನ್ಸಿನ ದುಡ್ಡಿನಲ್ಲಿ 2860 ಲೀವ್ರ್. ಆ ಅಂಕಿ ನೋಡಿ ನನಗೆ ನಿಜವಾಗಿಯೂ ಕಣ್ಣು ತುಂಬಿತು. (ನಗಬೇಡಿ. ಖಾಲಿ ಕುರ್ಚಿ ಎಣಿಸಿದವರಿಗೆ ಮಾತ್ರ ಅರ್ಥವಾಗುತ್ತೆ.)

ಸತ್ತ ಮೇಲೆ ಮನೆಯ ಸಾಮಾನು ಪಟ್ಟಿ ಮಾಡಿದರಲ್ಲ, ಅದು ಇನ್ನೂ ಚೆಂದ. ಜಿಪುಣ ಅರ್ಪಗೋಂ ಪಾತ್ರದ ಉಡುಪು: ಕಪ್ಪು ಸ್ಯಾಟಿನ್ನಿನ ನಿಲುವಂಗಿ, ಚಡ್ಡಿ, ಅಂಗಿ, ಅಂಚಿಗೆ ಕಪ್ಪು ರೇಷ್ಮೆ ಲೇಸು, ಟೋಪಿ, ವಿಗ್ಗು, ಬೂಟು, ಬೆಲೆ 20 ಲೀವ್ರ್. ಮಿಸಾಂತ್ರೋಪ್ ಉಡುಪಿಗೆ ಹಸಿರು ರಿಬ್ಬನ್. ಇವೆಲ್ಲ ಅವನ ಮೈಮೇಲೆ ಇದ್ದ ಬಟ್ಟೆಗಳು ಕಣ್ರೀ! ಅಪ್ಪ ರಾಜನ ಮನೆಯ ಗಾದಿ-ಪರದೆ ನೋಡಿಕೊಳ್ಳುತ್ತಿದ್ದವನು, ಮಗನಿಗೆ ಬಟ್ಟೆಯ ಬೆಲೆ ಗೊತ್ತಿರದೆ ಇರುತ್ತದೆಯೇ? ಇದರ ಮುಂದೆ ತೋಟದ ಅಳು ಯಾವ ಲೆಕ್ಕ.

"ಕಲ್ಪನೆ ಇಲ್ಲದಿದ್ದರೆ ಜೀವನಚರಿತ್ರೆ ದಿನಸಿ ಚೀಟಿ ಆಗುತ್ತೆ ಮೇಡಂ" ಅಂತ ಯಾರೋ ಬರೆದೇ ಬರೆಯುತ್ತೀರಿ. ಬೇಕಾದರೆ ಕಲ್ಪಿಸಿಕೊಳ್ಳಿ. ರಷ್ಯನ್ ಲೇಖಕ ಬುಲ್ಗಾಕೋವ್ ತನ್ನ ಮೋಲಿಯೇರ್ ಪುಸ್ತಕದಲ್ಲಿ ಮಾಡಿಲ್ಲವೇ? ಹಳೇ ಕಾಲದ ಕೋಟು ತೊಟ್ಟು, ಕೈಯಲ್ಲಿ ಗರಿ ಲೇಖನಿ ಹಿಡಿದು, ಮೋಲಿಯೇರ್ ಹುಟ್ಟುವಾಗ ಸೂಲಗಿತ್ತಿಯ ಹತ್ತಿರ ಮಾತಾಡುತ್ತಾನೆ. ಆಟ ಅಂತ ಹೇಳಿಯೇ ಆಡುತ್ತಾನೆ. ನನ್ನ ಜಗಳ ಅಡಿಟಿಪ್ಪಣಿ ಹಾಕಿ ಚಾಡಿ ಹೇಳುವವರ ಜೊತೆ. ಎ.ಎನ್. ಮೂರ್ತಿರಾಯರು ತಾರ್ತ್ಯುಫ್‌ನನ್ನು 'ಆಷಾಢಭೂತಿ' ಮಾಡಿ ಕನ್ನಡಕ್ಕೆ ತಂದರು. ಅದನ್ನು ನೋಡಿ ನಕ್ಕವರಿಗೆ ಆರ್ಮಾಂದ್ ಯಾರ ಜೊತೆ ಓಡಾಡುತ್ತಿದ್ದಳು ಅನ್ನುವ ಚಿಂತೆ ಇತ್ತೇ?

ಅಂಥ ಚಾಡಿಯ ದಪ್ಪ ಪುಸ್ತಕವೊಂದನ್ನು ದುಬಾರಿ ಬೆಲೆ ಕೊಟ್ಟು ತರಿಸಿಕೊಂಡಿದ್ದೆ. "ಅವನಿಗೆ ಆಗ ಹೀಗನ್ನಿಸಿರಬೇಕು" ಅಂತ ಬಂದಲ್ಲೆಲ್ಲ ಪೆನ್ಸಿಲ್ ಗೆರೆ ಎಳೆದಿದ್ದೇನೆ, ಪುಟ ಪೂರ್ತಿ ಏಣಿಯಂತೆ ಕಾಣುತ್ತಿದೆ. ಬೇಕಾದವರು ಇನ್‌ಬಾಕ್ಸಿಗೆ ಬನ್ನಿ, ಅರ್ಧ ಬೆಲೆಗೆ ಕೊಡುತ್ತೇನೆ. ಅಂಚೆ ಖರ್ಚು ನಿಮ್ಮದೇ.