ಕ್ಲೇರ್ವೋ ಮಠದ ಕೋಳಿಗೂಡುಗಳು ಉಳಿಯಬೇಕೇ?

ಮುಂದೆ ಜೈಲಾದ ಈ ಹಳೆಯ ಮಠದಲ್ಲಿ ಕೈದಿಗಳು ಮಲಗುತ್ತಿದ್ದ ಮರದ ಬೋನುಗಳಿಗೆ ಕೋಳಿಗೂಡು ಎಂದು ಹೆಸರು. ಅವನ್ನು ಉಳಿಸಬೇಕೋ, ಕೀಳಬೇಕೋ ಎಂಬುದೇ ಇಲ್ಲಿನ ವಾದ.

ಪರ: ಒಂದನ್ನೂ ಕೀಳಬೇಡಿ

ಕ್ಲೇರ್ವೋ ಅಂದರೆ ಎಲ್ಲರಿಗೂ ಸಂತ ಬರ್ನಾರ್ಡ್ ನೆನಪಾಗುತ್ತಾರೆ. 1115ರಲ್ಲಿ ಫ್ರಾನ್ಸಿನ ಶಾಂಪೇನ್ ಸೀಮೆಯ ಕಾಡುಕಣಿವೆಯಲ್ಲಿ ಅವರು ಸಿಸ್ಟರ್ಶಿಯನ್ ಎಂಬ ಕ್ರೈಸ್ತ ಸನ್ಯಾಸಿ ಪಂಥದ ಈ ಮಠ ಶುರು ಮಾಡಿದರು. ಸರಿ. ಆದರೆ ಫ್ರೆಂಚ್ ಕ್ರಾಂತಿಯ ಕಾಲದಲ್ಲಿ ಮಠ ಮಾರಾಟವಾಯಿತು. 1808ರಲ್ಲಿ ನೆಪೋಲಿಯನ್ ಸರ್ಕಾರ ಅದನ್ನು ಜೈಲು ಮಾಡಿತು. ಜೈಲು ಮುಚ್ಚಿದ್ದು 2023ರಲ್ಲಿ. ಇನ್ನೂರು ವರ್ಷಕ್ಕೂ ಜಾಸ್ತಿ! ಅಷ್ಟನ್ನೂ ಒರೆಸಿ ಹಾಕಲು ಆಗುತ್ತದೆಯೇ?

ಅಮ್ಮನ ಜೊತೆ ನಾನು ಅಲ್ಲಿಗೆ ಹೋಗಿದ್ದೆ. ಕೈದಿಗಳು ಮಲಗುತ್ತಿದ್ದ ಮರದ ಬೋನುಗಳನ್ನು ತೋರಿಸಿದರು. ಒಂದೂವರೆ ಮೀಟರ್ ಅಗಲ, ಎರಡು ಮೀಟರ್ ಉದ್ದ. ಫ್ರೆಂಚರು ಅದಕ್ಕೆ ಕೋಳಿಗೂಡು ಅನ್ನುತ್ತಾರೆ. 1971ರವರೆಗೂ ಅದರಲ್ಲಿ ಮನುಷ್ಯರು ಮಲಗಿದ್ದಾರೆ. ಅಮ್ಮ ಕೈ ಚಾಚಿದಳು. ಎರಡೂ ಬದಿ ಬೆರಳಿಗೆ ತಗುಲಿತು. "ನಮ್ಮ ಕೊಟ್ಟಿಗೇಲಿ ಕರುಗೂ ಇದಕ್ಕಿಂತ ಜಾಗ ಇತ್ತಲ್ಲೋ" ಅಂದಳು. ಹೊರಗೆ ಬಂದ ಮೇಲೂ ತುಂಬಾ ಹೊತ್ತು ಮಾತಾಡಲಿಲ್ಲ. ಚೆಂದದ ಕಮಾನು ನೋಡಿ ಆಕೆ ಹಾಗೆ ಮೌನವಾಗುತ್ತಿರಲಿಲ್ಲ.

1971ರಲ್ಲಿ ಇಲ್ಲಿನ ಇಬ್ಬರು ಕೈದಿಗಳು ಒಬ್ಬ ನರ್ಸ್ ಮತ್ತು ಒಬ್ಬ ಕಾವಲುಗಾರನನ್ನು ಒತ್ತೆ ಇಟ್ಟುಕೊಂಡರು. ಒತ್ತೆಯಾಳುಗಳಿಬ್ಬರೂ ಕೊಲೆಯಾದರು. ಮರುವರ್ಷ ಕೈದಿಗಳಿಬ್ಬರನ್ನೂ ತಲೆ ಕಡಿಯುವ ಗಿಲೋಟಿನ್‌ಗೆ ಕೊಟ್ಟರು. ಅವರಲ್ಲಿ ಬೊಂತೆಂ ಎಂಬುವನು ಯಾರನ್ನೂ ಕೊಂದಿಲ್ಲ ಎಂದು ಕೋರ್ಟೇ ಒಪ್ಪಿತ್ತು! ಅವನ ವಕೀಲ ರೊಬೇರ್ ಬಾದಾಂತೇರ್ ಮುಂದೆ ಕಾನೂನು ಮಂತ್ರಿಯಾಗಿ 1981ರಲ್ಲಿ ಮರಣದಂಡನೆಯನ್ನೇ ತೆಗೆಸಿದರು. ಆ ದಾರಿ ಶುರುವಾದದ್ದು ಈ ಗೋಡೆಗಳ ಒಳಗೆ. ಮಠ ಮಾತ್ರ ಸಾಕು ಅನ್ನುವವರಿಗೆ ಸುಮ್ನೆ ಒಳ್ಳೆ ಫೋಟೋ ಬೇಕು, ಅಷ್ಟೇ.

ವಿರೋಧ: ಮಠಕ್ಕೆ ಅದರ ಬೆಳಕು ಕೊಡಿ

ಈ ಕಡೆಯಿಂದ ಬರೆಯಿರಿ ಅಂದರು, ಬರೆಯುತ್ತಿದ್ದೇನೆ. ಎಲ್ಲ ಬೋನನ್ನೂ ಕಿತ್ತುಹಾಕಿ ಎಂದು ನಾನೂ ಹೇಳಲಾರೆ. ಆದರೆ ಲೆಕ್ಕ ನೋಡಿ. ಸನ್ಯಾಸಿಗಳು ಇಲ್ಲಿದ್ದದ್ದು ಆರುನೂರೈವತ್ತು ವರ್ಷಕ್ಕೂ ಜಾಸ್ತಿ. ಜೈಲು ಇದ್ದದ್ದು ಅದರ ಮೂರನೇ ಒಂದು ಭಾಗದಷ್ಟು ಕಾಲ.

ಸಿಸ್ಟರ್ಶಿಯನ್ನರು ಅಲಂಕಾರ ಬೇಡ ಅಂದವರು. ಅವರಿಗೆ ಕಲ್ಲು, ಬೆಳಕು, ಮೌನ ಸಾಕಿತ್ತು. ಮಠದ ದೊಡ್ಡ ಚರ್ಚನ್ನು ಜೈಲಿನ ಕಾಲದಲ್ಲೇ ಕೆಡವಿದರು. 12ನೇ ಶತಮಾನದಿಂದ ಉಳಿದ ದೊಡ್ಡ ಕಟ್ಟಡ ಅಂದರೆ ಮಠಕ್ಕಾಗಿ ಮೈಮುರಿದು ದುಡಿಯುತ್ತಿದ್ದ ಸಹೋದರರು ವಾಸವಿದ್ದ ಕಟ್ಟಡ. ಇಷ್ಟು ಕಳೆದುಕೊಂಡ ಮಠಕ್ಕೆ ಸ್ವಲ್ಪ ವಾಪಸ್ ಕೊಡಬೇಕು, ಅಲ್ವಾ?

ಬೋನುಗಳಿರುವುದು 18ನೇ ಶತಮಾನದ ಕಟ್ಟಡದಲ್ಲಿ. ನಾಲ್ಕು ಬೋನು ಇದ್ದಲ್ಲೇ ಉಳಿಸಿ. ಮಿಕ್ಕದ್ದನ್ನು ಬಿಚ್ಚಿ ಜೋಪಾನವಾಗಿ ಎತ್ತಿಡಿ. ಆ ಸಾಲಿನ ಕಿಟಕಿಗಳ ಬೆಳಕು ಮತ್ತೆ ನೆಲಕ್ಕೆ ಬೀಳಲಿ.