ಇಳಿಯುವುದಕ್ಕೂ ಕಾರಣ ಹೇಳಬೇಕಾ?

ಗುರುತಿಲ್ಲದವರ ಕಾರಿನಲ್ಲಿ ಭಯ ಆಗುತ್ತದೆ ಅಂತ ಬಾಯಿ ಬಿಟ್ಟರೆ ಸಾಕು, 'ಎಲ್ಲ ಡ್ರೈವರ್‌ಗಳೂ ಹಾಗಿರಲ್ಲ' ಅಂತ ಯಾರಾದರೂ ಶುರು ಮಾಡುತ್ತಾರೆ. ಗೊತ್ತು ಸ್ವಾಮಿ. ಜಾಸ್ತಿ ಜನ ಒಳ್ಳೆಯವರೇ. ಆದರೆ ರಾತ್ರಿ ಹಿಂದಿನ ಸೀಟಿನಲ್ಲಿ ಒಬ್ಬಳೇ ಕೂತವಳಿಗೆ ಈ ಲೆಕ್ಕ ಕಟ್ಟಿಕೊಂಡು ಏನಾಗಬೇಕು? ಮುಂದೆ ಕೂತಿರುವ ಈ ಒಬ್ಬ ಮನುಷ್ಯ ಹೇಗೆ ಅನ್ನುವುದಷ್ಟೇ ಅವಳ ಚಿಂತೆ.

ಆ ಕನ್ನಡಿಯನ್ನೇ ನೋಡಿ. ಅದಿರುವುದು ಹಿಂದೆ ಬರುವ ಗಾಡಿ ಕಾಣಲಿ ಅಂತ. ಹೊರಟು ಸ್ವಲ್ಪ ಹೊತ್ತಾದ ಮೇಲೆ ಆತ ಕೈ ಎತ್ತಿ ಅದನ್ನು ಒಂಚೂರು ಕೆಳಗೆ ತಿರುಗಿಸುತ್ತಾನೆ. ಈಗ ಅದರಲ್ಲಿ ರಸ್ತೆ ಹೋಗಿ ನಾವು ಬಂದೆವು. ಆಮೇಲೆ ಪ್ರಶ್ನೆ: ಒಬ್ಬರೇನಾ? ಮನೆಯಲ್ಲಿ ಯಾರ್ಯಾರಿದ್ದಾರೆ? ಬಿಡಿಬಿಡಿಯಾಗಿ ನೋಡಿದರೆ ಯಾವುದೂ ತಪ್ಪಲ್ಲ, ಯಾರಿಗಾದರೂ ದೂರು ಹೇಳಿದರೆ 'ಅಷ್ಟೇನಾ?' ಅಂದಾರು. ಆದರೆ ನನಗೆ ಹೊಟ್ಟೆ ಕಲಸಿದಂತಾಗುತ್ತದೆ, ಕೈ ತಾನಾಗಿಯೇ ಬಾಗಿಲಿನ ಹಿಡಿಯ ಹತ್ತಿರ ಹೋಗುತ್ತದೆ.

ಆ ಹಿಡಿಯನ್ನೂ ನಂಬುವ ಹಾಗಿಲ್ಲ. ಚೈಲ್ಡ್ ಲಾಕ್ ಹಾಕಿದ್ದರೆ ಹಿಂದಿನ ಬಾಗಿಲು ಒಳಗಿನಿಂದ ತೆಗೆಯುವುದಕ್ಕೇ ಬರುವುದಿಲ್ಲ. ಬಹಳ ಕಾರುಗಳಲ್ಲಿ ಅದರ ಪುಟ್ಟ ಸ್ವಿಚ್ ಬಾಗಿಲಿನ ಅಂಚಿನಲ್ಲಿರುತ್ತದೆ, ಬಾಗಿಲು ಮುಚ್ಚಿದ ಮೇಲೆ ಕಾಣುವುದಿಲ್ಲ. ಹತ್ತುವಾಗಲೇ ಒಮ್ಮೆ ಕಣ್ಣಾಡಿಸಬೇಕು. ನಂಬರ್ ಪ್ಲೇಟ್ ನೋಡುವುದು, ನಮ್ಮ ಹೆಸರು ನಾವೇ ಹೇಳದೆ 'ಯಾರ ಹೆಸರಲ್ಲಿ ಬುಕ್ ಆಗಿದೆ' ಅಂತ ಅವರನ್ನೇ ಕೇಳುವುದು, ಲೊಕೇಶನ್ ಕಳಿಸುವುದು, ಇವೆಲ್ಲ ಗೊತ್ತೇ ಇದೆ ಅಲ್ವಾ.

ಗೊತ್ತಿದ್ದೂ ಬಾಯಿ ಬರಲ್ಲ, ಕಷ್ಟ ಇರುವುದೇ ಅಲ್ಲಿ. ದಾರಿ ಬದಲಾಗಿದ್ದು ಮ್ಯಾಪಿನಲ್ಲಿ ಕಾಣುತ್ತಿರುತ್ತದೆ, ಆದರೂ ಟ್ರಾಫಿಕ್ ಇರಬಹುದೇನೋ, ಕೇಳಿದರೆ ಪಾಪ ಬೇಜಾರಾಗುತ್ತದೇನೋ ಅಂತ ಜೀವ ಕೈಯಲ್ಲಿ ಹಿಡಿದುಕೊಂಡು ಸುಮ್ನೆ ಕೂರುತ್ತೇವೆ. ಯಾವ ಸೀಮೆಯ ಮರ್ಯಾದೆ ಇದು? ನನ್ನ ಪ್ರಕಾರ ಇಳಿಯುವುದಕ್ಕೆ ಸಾಕ್ಷಿ ಬೇಕಿಲ್ಲ. ಬೆಳಕಿದ್ದು ನಾಲ್ಕು ಜನ ಓಡಾಡುವ ಕಡೆ 'ಇಲ್ಲೇ ನಿಲ್ಲಿಸಿ, ಫ್ರೆಂಡ್ ಬಂದಿದ್ದಾಳೆ' ಅಂತ ಹೇಳಿ ಇಳಿದುಬಿಡಿ. ಸುಳ್ಳಾದರೆ ಆಗಲಿ. ಆತ ಒಳ್ಳೆಯವನೇ ಆಗಿದ್ದರೆ ಐದು ನಿಮಿಷ ಬೈದುಕೊಂಡು ಮರೆಯುತ್ತಾನೆ.

ಡ್ರೈವರ್ ಅಣ್ಣಂದಿರಿಗೂ ಒಂದು ಮಾತು. ನಿಮಗೂ ರಾತ್ರಿ ಹಿಂದೆ ಯಾರು ಬಂದು ಕೂರುತ್ತಾರೋ ಅನ್ನುವ ಭಯ ಇರುತ್ತದೆ, ಒಪ್ಪುತ್ತೇನೆ. ದಾರಿ ಬದಲಿಸುವ ಮುಂಚೆ 'ಮುಂದೆ ರಸ್ತೆ ಬಂದ್ ಆಗಿದೆ, ಈ ಕಡೆಯಿಂದ ಹೋಗ್ತೀನಿ' ಅಂದರೆ ನಮ್ಮ ಅರ್ಧ ಭಯ ಇಳಿಯುತ್ತದೆ. ಅದು ಬಿಟ್ಟು 'ಯಾಕೆ ಮೇಡಂ, ನನ್ ಮೇಲೆ ನಂಬಿಕೆ ಇಲ್ವಾ' ಅಂತ ಕೇಳಬೇಡಿ. ಇಲ್ಲ, ಇನ್ನೂ ಬಂದಿಲ್ಲ. ನಾವಿಬ್ಬರೂ ಮುಖ ನೋಡಿ ಹತ್ತು ನಿಮಿಷ ಆಗಿದೆ ಅಷ್ಟೆ.