ಹಳೆಯದಾದರೆ ಸಾಲದು
ಅಮೆರಿಕದ ನಿಕಲ್, ಅಂದರೆ 5 ಸೆಂಟ್ ನಾಣ್ಯ, ಹಳೆಯದಾದಷ್ಟೂ ಬೆಲೆ ಜಾಸ್ತಿ ಎಂದು ಬರೆದಿದ್ದೀರಿ. ಹಾಗೇನೂ ಇಲ್ಲ. ಎಷ್ಟೋ ಸಲ ಟಂಕಸಾಲೆಯ ಎಡವಟ್ಟಿಗೇ ಬೆಲೆ. 1937ರಲ್ಲಿ ಡೆನ್ವರ್ ಟಂಕಸಾಲೆಯಲ್ಲಿ ನಾಣ್ಯ ಒತ್ತುವ ಅಚ್ಚನ್ನು ವಿಪರೀತ ಉಜ್ಜಿ, ಬೈಸನ್ (ಅಮೆರಿಕದ ಕಾಡೆಮ್ಮೆ) ಚಿತ್ರವಿರುವ ಬಫಲೋ ನಿಕಲ್‌ನಲ್ಲಿ ಆ ಪ್ರಾಣಿಯ ಒಂದು ಮುಂಗಾಲೇ ಮಾಯವಾಯಿತು, ಗೊರಸು ಮಾತ್ರ ಉಳಿಯಿತು, ಈಗ ಆ ಮೂರು ಕಾಲಿನ ನಾಣ್ಯಕ್ಕೇ ಸಂಗ್ರಾಹಕರು ಮುಗಿಬೀಳುತ್ತಾರೆ. ಮಾಮೂಲಿ ನಾಣ್ಯದ ಕಾಲು ಕೆರೆದು ಮಾರುವ ಖದೀಮರೂ ಇದ್ದಾರೆ, ಹುಷಾರು! ಅಸಲಿಯಲ್ಲಿ ಹೊಟ್ಟೆಯ ಕೆಳಗೆ ಉಬ್ಬಿದ ಚುಕ್ಕೆಗಳ ಸಾಲಿರುತ್ತದೆ. ಇನ್ನು ಬಫಲೋ ನಿಕಲ್‌ನಲ್ಲಿ ಇಸವಿ ಬೇಗ ಸವೆಯುತ್ತದೆ, ಅದು ಕಾಣದಿದ್ದರೆ ಎಷ್ಟು ಹಳೆಯದಾದರೂ ಸಿಗುವುದು ಚಿಲ್ಲರೆ ಕಾಸೇ. 1913ರ ಲಿಬರ್ಟಿ ನಿಕಲ್ (ಲಿಬರ್ಟಿ ದೇವಿಯ ತಲೆಯ ಚಿತ್ರವಿರುವುದು) ಬಿಡಿ, ಇರುವುದಾಗಿ ಗೊತ್ತಿರುವುದೇ 5 ನಾಣ್ಯ, ಕೋಟಿಗಟ್ಟಲೆ ರೂಪಾಯಿಯ ಮಾತು. ನಮ್ಮಂಥವರು ಯುದ್ಧಕಾಲದ 1943, 1944ರದ್ದು ಹುಡುಕಬಹುದು, ಅದರಲ್ಲಿ 35% ಬೆಳ್ಳಿ ಇದೆ ಅಲ್ವಾ?